ಮಂತ್ರ ಮಾಂಗಲ್ಯದಲ್ಲಿ ಅಮ್ಮನಿಗೇನು ಕೆಲಸ?

ಕಳೆದ ಯುಗಾದಿಗೆ ಊರಿಗೆ ಹೋದಾಗ ಕುವೆಂಪು ಅವರ ‘ಮಂತ್ರ ಮಾಂಗಲ್ಯ’ದ ಪುಟ್ಟ ಪುಸ್ತಿಕೆಯನ್ನು ಅಮ್ಮನ ಕೈಗೆ ಕೊಟ್ಟು, ನನ್ನ ಮದುವೆ ಹೀಗೆ ಆಗಬೇಕು ಎಂದೆ. ಅಮ್ಮ ಏಳನೇ ಕ್ಲಾಸಿನವರೆಗೆ ಓದಿದವಳು. ಓದುವಾಗ ತುಟಿ ಅಲ್ಲಾಡುತ್ತದೆ. ಜಗಲಿಯಲ್ಲಿ ಕೂತು, ನಡುವೆ ಒಮ್ಮೆ ಎದ್ದು ಒಲೆಯ ಮೇಲಿನ ಹಾಲು ಇಳಿಸಿ ಬಂದು, ಪೂರ್ತಿ ಓದಿದಳು. ಆಮೇಲೆ ಕೇಳಿದ್ದು ಒಂದೇ ಪ್ರಶ್ನೆ.

“ಎಲ್ಲಾ ಸರಿ ಮಗಾ. ಇದ್ರಲ್ಲಿ ನಂದೇನು ಕೆಲ್ಸ ಅಂತ ಬರ್ದಿದೆ?”

ನಾನು ಏನೋ ಒಂದು ಹೇಳಿ ಜಾರಿಕೊಂಡೆ. ಪುಣೆಗೆ ವಾಪಸಾಗುವ ಬಸ್ಸಿನಲ್ಲಿ ರಾತ್ರಿಯಿಡೀ ಆ ಪ್ರಶ್ನೆ ಬಿಡಲಿಲ್ಲ. ಎಂ.ಎ.ಯಲ್ಲಿ ಕನ್ನಡ ಓದಿ, ಹೊಟ್ಟೆಪಾಡಿಗೆ ಕಂಪನಿಯೊಂದರಲ್ಲಿ ಅನುವಾದದ ಕೆಲಸ ಮಾಡುವ ನಾನು ಕುವೆಂಪು ಬಗ್ಗೆ ಕೇಳಿದ, ಓದಿದ ವಿಮರ್ಶೆಗಳಲ್ಲಿ ಯಾರೂ ಎತ್ತದ ಪ್ರಶ್ನೆ ಅದು. ಅದನ್ನು ಇಟ್ಟುಕೊಂಡು ಮತ್ತೆ ಓದಿದ ಕೆಲವು ಪಠ್ಯಗಳ ಬಗ್ಗೆ ಈ ಬರಹ.

ಮೊದಲು ನನ್ನ ಪರಿಸ್ಥಿತಿ ಹೇಳಿಬಿಡುತ್ತೇನೆ. ನಾನು ಸಾಗರ ತಾಲೂಕಿನ ದೀವರ ಮನೆಯವಳು. ಹುಡುಗ ಸಾತಾರಾ ಕಡೆಯ ಮರಾಠಿಗ. ಹುಡುಗ ಯಾರು ಎಂಬ ಜಗಳ ಎರಡೂ ಮನೆಗಳಲ್ಲಿ ಎರಡು ವರ್ಷ ನಡೆದು ತಣ್ಣಗಾಗಿತ್ತು. ಮದುವೆ ಹೇಗೆ ಎಂಬ ಜಗಳ ಶುರುವಾಗಿದ್ದು ಆಮೇಲೆ. ನನ್ನ ಸೋದರಮಾವನಿಗೆ ಸಾಗರದ ಪೇಟೆಯಲ್ಲೇ ದೊಡ್ಡ ಕಲ್ಯಾಣ ಮಂಟಪ ಆಗಬೇಕು, ಇಲ್ಲದಿದ್ದರೆ ‘ಹೆಣ್ಣು ಓಡಿಹೋದ ಹಾಗೆ’ ಕಾಣುತ್ತದಂತೆ. ಹುಡುಗನ ಆತ್ಯಾಗೆ, ಅಂದರೆ ಸೋದರತ್ತೆಗೆ, ಸಾಖರಪುಡಾ, ಹಳದಿ, ಸಂಗೀತ್ ಎಂದು ಮೂರು ದಿನ ಬೇಕು. ಅವನ ಅಪ್ಪನ ಪಟ್ಟಿಯಲ್ಲಿ 400 ಹೆಸರು. ನಮ್ಮಿಬ್ಬರಿಗೆ ಬೇಕಾದದ್ದು ಸಾಲವಿಲ್ಲದ ಮದುವೆ, ಅಷ್ಟೆ. ಖರ್ಚಿನ ಲೆಕ್ಕಕ್ಕೆಂದು ಮಾಡಿದ ಎಕ್ಸೆಲ್ ಹಾಳೆಯಲ್ಲಿ ‘ಯಾರು ಮುನಿಸಿಕೊಳ್ಳುತ್ತಾರೆ’ ಎಂಬ ಕಾಲಮು ಕೊನೆಗೆ ಸೇರಿತು. ಅದೇ ಎಲ್ಲಕ್ಕಿಂತ ಬೇಗ ತುಂಬಿತು.

ಇಂಥ ಹೊತ್ತಿನಲ್ಲಿ ಕನ್ನಡ ಸಾಹಿತ್ಯ ಓದಿದವರು ‘ಮಂತ್ರ ಮಾಂಗಲ್ಯ’ಕ್ಕೆ ಕೈ ಚಾಚುವುದು ಸಹಜ. ನಮ್ಮಲ್ಲಿ ಮದುವೆಯನ್ನು ಗೇಲಿ ಮಾಡಿದ ಸಾಹಿತ್ಯಕ್ಕೆ ಬರವಿಲ್ಲ. ಹೊಸಗನ್ನಡದ ಮೊದಲ ಸಾಮಾಜಿಕ ನಾಟಕವೆಂದು ಹೆಸರಾದ ಸೂರಿ ವೆಂಕಟರಮಣ ಶಾಸ್ತ್ರಿಗಳ ‘ಇಗ್ಗಪ್ಪ ಹೆಗಡೆಯ ವಿವಾಹ ಪ್ರಹಸನ’ (1887) ಕನ್ಯಾವಿಕ್ರಯದ ಮೇಲೆಯೇ ಇದೆ. ಕೈಲಾಸಂ ವರದಕ್ಷಿಣೆಯನ್ನು ತಾಳಿ ಕಟ್ಟುವವನ ಕೂಲಿ ಎಂದು ಕರೆದು, ಆ ಮಾತನ್ನೇ ನಾಟಕದ ಹೆಸರಾಗಿಸಿದರು. ಇಬ್ಬರೂ ನಗಿಸುತ್ತಾರೆ, ನಾಚಿಸುತ್ತಾರೆ. ಪರದೆ ಬಿದ್ದ ಮೇಲೆ ಪ್ರೇಕ್ಷಕ ಮನೆಗೆ ಹೋಗಿ ತನ್ನ ಮಗಳ ಮದುವೆಯನ್ನು ಹೇಗೆ ಮಾಡಬೇಕು ಎಂಬುದು ಅವರ ಕೆಲಸವಾಗಿರಲಿಲ್ಲ. ಆ ಕೆಲಸವನ್ನು ಮೈಮೇಲೆ ಹಾಕಿಕೊಂಡವರು ಕುವೆಂಪು. 1966ರ ನವೆಂಬರ್ 27ರಂದು ಮೂಡಿಗೆರೆ ಬಳಿಯ ತೋಟದಲ್ಲಿ ಪೂರ್ಣಚಂದ್ರ ತೇಜಸ್ವಿ ಮತ್ತು ರಾಜೇಶ್ವರಿ ಅವರ ಮದುವೆ ಆ ವಿಧಾನದಲ್ಲಿ ನಡೆಯಿತು. ಬೇರೆಯವರಿಗೆ ಬೋಧಿಸುವ ಮೊದಲು ಮನೆಯಲ್ಲೇ ಮಾಡಿ ತೋರಿಸಿದ ಕವಿ ಎಂಬ ಗೌರವ ನನ್ನಲ್ಲಿ ಈಗಲೂ ಹಾಗೇ ಇದೆ.

ಪಠ್ಯವಾಗಿ ಓದಿದರೆ ಅದರ ಬಲ ಎಲ್ಲಿದೆ ಎಂಬುದು ಸ್ಪಷ್ಟ. ವೇದೋಪನಿಷತ್ತುಗಳ ಮಂತ್ರಗಳನ್ನು ಕುವೆಂಪು ಎಸೆಯುವುದಿಲ್ಲ. ಆರಿಸಿಕೊಳ್ಳುತ್ತಾರೆ, ಕೂತವರಿಗೆಲ್ಲ ಅರ್ಥವಾಗುವ ಕನ್ನಡಕ್ಕೆ ತರುತ್ತಾರೆ. ಅರ್ಥ ಗೊತ್ತಿಲ್ಲದ ಮಾತಿಗೆ ತಲೆಯಾಡಿಸಿ ಬದುಕು ಶುರುಮಾಡಬೇಡಿ ಎಂಬುದೇ ಅಲ್ಲಿನ ಮೊದಲ ಪಾಠ. ಗಂಡ ಹೆಂಡಿರಲ್ಲಿ ಮೇಲು ಕೀಳಿಲ್ಲ, ಒಬ್ಬರ ಮೇಲೊಬ್ಬರ ಒಡೆತನವಿಲ್ಲ, ಜಾತಿಯ ಹೆಮ್ಮೆಯಿಂದಲೂ ಮೂಢನಂಬಿಕೆಯಿಂದಲೂ ಇಬ್ಬರೂ ಹೊರಗೆ ಬರಬೇಕು ಎಂಬುದು ಮುಂದಿನ ಪಾಠ. ವರದಕ್ಷಿಣೆ, ಆಡಂಬರ, ಮುಹೂರ್ತಕ್ಕೆ ಅಲ್ಲಿ ಜಾಗವಿಲ್ಲ. ಸಾಲ ಮಾಡಿ ಮಗಳ ಮದುವೆ ಮಾಡಿ ಅಡಿಕೆ ತೋಟ ಕಳೆದುಕೊಂಡವರನ್ನು ನೋಡಿ ಬೆಳೆದ ನನಗೆ ಇದು ಸಣ್ಣ ಮಾತಲ್ಲ.

ಆದರೆ ಅಮ್ಮನ ಪ್ರಶ್ನೆ ಹಿಡಿದುಕೊಂಡು ಓದಿದರೆ ಇನ್ನೊಂದು ಕಾಣುತ್ತದೆ. ಇಲ್ಲಿ ಹಿರಿಯರೊಬ್ಬರು ಓದುತ್ತಾರೆ, ವಧೂವರರು ಒಪ್ಪಿಕೊಳ್ಳುತ್ತಾರೆ. ಉಳಿದವರೆಲ್ಲ ಸಾಕ್ಷಿಗಳು. ಪುರೋಹಿತ ಎದ್ದುಹೋದ ಜಾಗದಲ್ಲಿ ವಿಚಾರವಂತರೊಬ್ಬರು ಬಂದು ಕೂತಿದ್ದಾರೆ. ಅಡುಗೆಮನೆಯ ಬಾಗಿಲಲ್ಲಿ ನಿಂತವಳು ಆಗಲೂ ಅಲ್ಲೇ ನಿಂತಿದ್ದಳು, ಈಗಲೂ ಅಲ್ಲೇ ನಿಂತಿದ್ದಾಳೆ.

ಇದು ಕುವೆಂಪು ಅವರಿಗೆ ಗೊತ್ತಿರಲಿಲ್ಲ ಎನ್ನಲು ಬರುವುದಿಲ್ಲ. ಯಾಕೆಂದರೆ ಆ ಮದುವೆಯ ಮರುವರ್ಷವೇ, 1967ರಲ್ಲಿ, ‘ಮಲೆಗಳಲ್ಲಿ ಮದುಮಗಳು’ ಹೊರಬಂತು. ಒಂದೇ ಮನಸ್ಸಿನಿಂದ ಹೆಚ್ಚುಕಡಿಮೆ ಒಂದೇ ಕಾಲಕ್ಕೆ ಬಂದ ಈ ಎರಡು ಪಠ್ಯಗಳನ್ನು ಪಕ್ಕಪಕ್ಕ ಇಟ್ಟು ಓದಬೇಕು. ಹೂವಳ್ಳಿ ಚಿನ್ನಮ್ಮ ತಾಯಿಯಿಲ್ಲದೆ ಅಜ್ಜಿಯ ಮಡಿಲಲ್ಲಿ ಬೆಳೆದವಳು. ಅವಳು ಒಲಿದದ್ದು ಕೋಣೂರಿನ ಮುಕುಂದಯ್ಯನಿಗೆ. ಅಪ್ಪ ಗೊತ್ತುಮಾಡುವುದು ಸಿಂಭಾವಿ ಭರಮೈಹೆಗ್ಗಡೆಗೆ. ಧಾರೆಯ ಹೊತ್ತು ಹತ್ತಿರ ಬಂದಾಗ, ಮನೆ ತುಂಬ ನೆಂಟರಿರುವಾಗ, ಅವಳು ಕತ್ತಲಲ್ಲಿ ಕಾಡು ಸೇರುತ್ತಾಳೆ. ನನ್ನ ಮಾವ ಹೆದರುವ ‘ಓಡಿಹೋದ ಹೆಣ್ಣು’ ಕನ್ನಡದ ದೊಡ್ಡ ಕಾದಂಬರಿಯೊಂದರ ಮದುಮಗಳು.

ಆದರೆ ಚಿನ್ನಮ್ಮ ಒಬ್ಬಳೇ ಹೋಗುವುದಿಲ್ಲ. ಕೂಲಿಯಾಳು ಐತನ ಹೆಂಡತಿ ಪೀಂಚಲು ಜೊತೆಗಿರುತ್ತಾಳೆ. ಆ ಹೆಂಗಸಿನ ಧೈರ್ಯವಿಲ್ಲದಿದ್ದರೆ ಚಿನ್ನಮ್ಮನ ಪ್ರೀತಿ ಹೂವಳ್ಳಿಯ ಹೊಸ್ತಿಲು ದಾಟುತ್ತಿರಲಿಲ್ಲ. ಕಾದಂಬರಿಯ ಕುವೆಂಪುಗೆ ಒಬ್ಬಳ ಸ್ವಾತಂತ್ರ್ಯಕ್ಕೆ ಇನ್ನೊಬ್ಬಳು ಬೇಕು ಎಂದು ಗೊತ್ತಿದೆ. ಅಲ್ಲಿ ದೊಡ್ಡವರು ಸಣ್ಣವರೆಂಬ ಪಾಲು ಇಲ್ಲ. ಗುತ್ತಿಯ ನಾಯಿ ಹುಲಿಯನಿಗೂ ತನ್ನದೇ ಜಾಗ, ತನ್ನದೇ ದುಃಖ ಇದೆ. ಸುಧಾರಕ ಕುವೆಂಪು ಬರೆದ ಪಠ್ಯದಲ್ಲಿ ಮಾತ್ರ ಇಬ್ಬರು ಸ್ವತಂತ್ರರು ಯಾರ ಹಂಗೂ ಇಲ್ಲದೆ ಎದುರುಬದುರು ನಿಂತಿದ್ದಾರೆ. ಅಲ್ಲಿ ಪೀಂಚಲುವೂ ಇಲ್ಲ, ಅಜ್ಜಿಯೂ ಇಲ್ಲ.

ಇದೇ ಹೊತ್ತಿಗೆ ಸಾತಾರಾದ ಮನೆಯಲ್ಲಿ ಒಂದು ವಿಷಯ ಗೊತ್ತಾಯಿತು. ಹುಡುಗನ ಮುತ್ತಜ್ಜ ಸತ್ಯಶೋಧಕ ಪದ್ಧತಿಯಲ್ಲಿ ಮದುವೆಯಾದವರಂತೆ. ಜೋತಿಬಾ ಫುಲೆ 1873ರಲ್ಲಿ ಪುಣೆಯಲ್ಲಿ ಸತ್ಯಶೋಧಕ ಸಮಾಜ ಕಟ್ಟಿದರು, ಅದೇ ವರ್ಷ ಭಟ್ಟರಿಲ್ಲದ ಮದುವೆಯನ್ನೂ ಮಾಡಿಸಿದರು. ಮುಂದೆ ಸಾತಾರಾ ಸೀಮೆಯಲ್ಲಿ ಆ ಚಳವಳಿ ಗಟ್ಟಿಯಾಗಿ ಬೇರೂರಿತು. ಈಗ ಆ ಮನೆಯಲ್ಲಿ ಮುತ್ತಜ್ಜನ ಫೋಟೋ ಇದೆ, ಕೆಳಗೆ ಡ್ರೋನ್ ಕ್ಯಾಮರಾದವನ ಕೊಟೇಶನ್ನು ಇದೆ. ಸುಧಾರಣೆ ಹೊಲದ ಹಾಗೆ ಅಪ್ಪನಿಂದ ಮಗನಿಗೆ ಖಾತೆ ಬದಲಾಯಿಸಿಕೊಂಡು ಬರುವುದಿಲ್ಲ. ಪ್ರತಿ ತಲೆಮಾರೂ ಮತ್ತೆ ಅದೇ ಜಗಳ ಆಡಬೇಕು.

ಫುಲೆ 1887ರಲ್ಲಿ ಪೂಜಾವಿಧಿಗಳ ಜೊತೆ ಹೊಸ ಮಂಗಳಾಷ್ಟಕಗಳನ್ನೂ ಪ್ರಕಟಿಸಿದರು. ‘ಇಗ್ಗಪ್ಪ ಹೆಗಡೆ’ಯ ವರ್ಷವೇ. ಅದನ್ನು ನನ್ನ ಅರೆಬರೆ ಮರಾಠಿಯಲ್ಲಿ ಓದಿದಾಗ ಬೆರಗಾಯಿತು. ಅಲ್ಲಿ ವರ ಮಾತಾಡುತ್ತಾನೆ, ವಧು ತಿರುಗಿ ಮಾತಾಡುತ್ತಾಳೆ. ಸ್ವಾತಂತ್ರ್ಯದ ಅನುಭವವೇ ಇಲ್ಲದ ಹೆಂಗಸರಿಗೆ ಅವರ ಹಕ್ಕು ಕೊಡುತ್ತೇನೆಂದು ಆಣೆ ಮಾಡು ಎಂದು ಅವಳು ಕೇಳುತ್ತಾಳೆ. ‘ಮಂತ್ರ ಮಾಂಗಲ್ಯ’ದಲ್ಲಿ ಸಮಾನತೆಯನ್ನು ಹಿರಿಯರು ಇಬ್ಬರಿಗೂ ಬೋಧಿಸುತ್ತಾರೆ. ಫುಲೆಯಲ್ಲಿ ಅದನ್ನು ಹುಡುಗಿ ಹುಡುಗನ ಮುಖ ನೋಡಿ ಕೇಳಿ ಪಡೆಯುತ್ತಾಳೆ. ನನಗೆ ಎರಡನೆಯದು ಹೆಚ್ಚು ನಾಟಕೀಯ ಮಾತ್ರವಲ್ಲ, ಹೆಚ್ಚು ನಿಜ ಅನ್ನಿಸಿತು. ಆದರೂ ಅಲ್ಲೂ ಅಮ್ಮನ ಕೆಲಸ ನನಗೆ ಸಿಗಲಿಲ್ಲ.

ಅದು ಸಿಕ್ಕಿದ್ದು ನಮ್ಮ ಮನೆಯ ಗೋಡೆಯ ಮೇಲೆ. ದೀವರ ಮದುವೆಯಲ್ಲಿ ಮದುಮಕ್ಕಳು ಕೂರುವ ಹಸೆಯ ಹಿಂದಿನ ಗೋಡೆಗೆ ಹೆಂಗಸರು ಚಿತ್ತಾರ ಬರೆಯುತ್ತಾರೆ. ಬಿಡಿಸುತ್ತಾರೆ ಅನ್ನುವುದಿಲ್ಲ, ‘ಬರೆಯುತ್ತಾರೆ’ ಅಂತಲೇ ನಮ್ಮ ಮಾತು. ಕೆಮ್ಮಣ್ಣು ಬಳಿದ ಗೋಡೆ, ಅಕ್ಕಿ ಅರೆದ ಬಿಳಿ, ಹುರಿದು ಕರಿದಾದ ಅಕ್ಕಿಯ ಕಪ್ಪು, ಗುರಿಗೆ ಕಾಯಿಯ ಹಳದಿ, ಪುಂಡಿ ನಾರಿನ ಕುಂಚ. ಬಾಸಿಂಗ, ಪಲ್ಲಕ್ಕಿ, ಮದುಮಕ್ಕಳ ಗೊಂಬೆ. ಗೆರೆ ಎಳೆಯುತ್ತ ಹಾಡುತ್ತಾರೆ. ಸುತ್ತಲಿನ ಮೂರು ಊರುಗಳಲ್ಲಿ ಅಮ್ಮ ಬರೆದ ಹಸೆಗೋಡೆಯ ಮುಂದೆ ಮದುವೆಯಾದವರು ಎಷ್ಟೋ ಜನ. ಮಗಳ ಮದುವೆಗೆ ಬರೆಯುವ ಗೋಡೆಯನ್ನು ಅವಳು ಮನಸ್ಸಿನಲ್ಲಿ ಎಷ್ಟು ವರ್ಷದಿಂದ ಸಾರಿಸಿ ಇಟ್ಟುಕೊಂಡಿದ್ದಳೋ ನನಗೆ ಗೊತ್ತಿಲ್ಲ. ಅವಳು ಕೇಳಿದ್ದು ಆಡಂಬರವನ್ನಲ್ಲ. ಅವಳೂ ಒಬ್ಬ ಬರಹಗಾರ್ತಿ, ತನ್ನ ಪುಟ ಎಲ್ಲಿದೆ ಎಂದು ಕೇಳಿದಳು. ನಾನು ಅದನ್ನು ಹಟ ಎಂದುಕೊಂಡಿದ್ದೆ.

ಹಾಗೆಂದು ಹೆಂಗಸರ ಸಂಪ್ರದಾಯವನ್ನು ತಲೆಯ ಮೇಲೆ ಹೊತ್ತು ಕುಣಿಯುವುದೂ ವಿಮರ್ಶೆಯಲ್ಲ. ಗೋಡೆಯ ಮೇಲೆ ಗಂಡು ಹೆಣ್ಣಿನ ಗೊಂಬೆಗಳು ಒಂದೇ ಎತ್ತರಕ್ಕಿರುತ್ತವೆ. ಹಾಡುಗಳಲ್ಲಿ ಹಾಗಿರುವುದಿಲ್ಲ. ಚಿಕ್ಕಂದಿನಿಂದ ನಾನು ಕೇಳಿದ ಮದುವೆ ಹಾಡುಗಳಲ್ಲಿ ಹೆಣ್ಣು ಕೊಟ್ಟು ಕಳಿಸುವ ವಸ್ತು. ಅತ್ತೆ ಬೈದರೆ ತಲೆ ತಗ್ಗಿಸು, ತವರಿನ ನೆನಪು ಮಾಡಿ ಅಳಬೇಡ ಎಂಬ ಬುದ್ಧಿಮಾತು. ಆ ರಾಗಕ್ಕೆ ಕಣ್ಣು ತುಂಬಿ ಬರುತ್ತದೆ, ಆ ಮಾತಿಗೆ ಮೈ ಉರಿಯುತ್ತದೆ. ‘ಮಂತ್ರ ಮಾಂಗಲ್ಯ’ ಬೇಕಾಗುವುದು ಇಲ್ಲೇ. ಅದಕ್ಕೆ ಗೋಡೆ ಇಲ್ಲ ನಿಜ. ಆದರೆ ನಮ್ಮ ಗೋಡೆಗೆ ಆ ಮಾತುಗಳು ಇರಲಿಲ್ಲ.

ಓದುಗರಲ್ಲಿ ಇದೇ ದಾರಿಯಲ್ಲಿರುವವರಿಗೆ ಕಾನೂನಿನ ಮಾತೊಂದು. ಚೆನ್ನೈಯಲ್ಲಿರುವವರ ಅನುಕೂಲ ನಮಗಿಲ್ಲ. ತಮಿಳುನಾಡಿನಲ್ಲಿ 1967ರ ತಿದ್ದುಪಡಿ ಹಿಂದೂ ವಿವಾಹ ಕಾಯ್ದೆಗೆ 7ಎ ಕಲಮು ಸೇರಿಸಿ ಸ್ವಾಭಿಮಾನ ವಿವಾಹಕ್ಕೆ ಮಾನ್ಯತೆ ಕೊಟ್ಟಿತು. ‘ಮಂತ್ರ ಮಾಂಗಲ್ಯ’ಕ್ಕೆ ಅಂಥ ಕಲಮಿಲ್ಲ. ಆದ್ದರಿಂದ ನಾವು ಪುಣೆಯಲ್ಲಿ 1954ರ ವಿಶೇಷ ವಿವಾಹ ಕಾಯ್ದೆಯಡಿ ನೋಟಿಸು ಕೊಟ್ಟೆವು. ಇಬ್ಬರಲ್ಲಿ ಒಬ್ಬರಾದರೂ ಆ ಜಿಲ್ಲೆಯಲ್ಲಿ 30 ದಿನ ವಾಸವಿದ್ದಿರಬೇಕು, ನೋಟಿಸಿನ ಮೇಲೆ ಇನ್ನೂ 30 ದಿನ ಕಾಯಬೇಕು, ಮೂವರು ಸಾಕ್ಷಿಗಳು ರುಜು ಹಾಕಬೇಕು. ಮೂರನೆಯ ಸಾಕ್ಷಿ ಅಮ್ಮ. ಫೋನಿನಲ್ಲಿ ಇದನ್ನು ಹೇಳಿದಾಗ ನಕ್ಕಳು. “ಸರ್ಕಾರದವ್ರು ನಂಗೊಂದು ಗೆರೆ ಬಿಟ್ಟಾರೆ ಅನ್ನು. ನಿಮ್ ಕವಿಗಳೇ ಮರ್ತಿದ್ದು.”

ಈಗ ತೀರ್ಮಾನವಾದದ್ದು ಇಷ್ಟು. ರಿಜಿಸ್ಟ್ರೇಷನ್ ಪುಣೆಯಲ್ಲಿ. ಮದುವೆ ಸಾಗರದ ನಮ್ಮ ಮನೆಯ ಅಂಗಳದಲ್ಲಿ, ಅಡಿಕೆ ಸೋಗೆಯ ಚಪ್ಪರದ ಕೆಳಗೆ. ‘ಮಂತ್ರ ಮಾಂಗಲ್ಯ’ ಓದುವುದು ನನ್ನ ಹೈಸ್ಕೂಲಿನ ಕನ್ನಡ ಮೇಷ್ಟ್ರು. ಫುಲೆಯ ಸಾಲುಗಳನ್ನು ನಾವಿಬ್ಬರೂ ಮರಾಠಿಯಲ್ಲೇ ಹೇಳುತ್ತೇವೆ, ಮಾವಂದಿರು ಮರೆತದ್ದು ನೆನಪಾಗಲಿ ಎಂದು. ಹಿಂದೆ ಅಮ್ಮನ ಗೋಡೆ. ಹಾಡೂ ಇರುತ್ತದೆ. ಯಾವ ಹಾಡು ಎಂಬುದರ ಬಗ್ಗೆ ಅಮ್ಮನಿಗೂ ನನಗೂ ಮಾತುಕತೆ ಇನ್ನೂ ಮುಗಿದಿಲ್ಲ. ಎರಡು ಹಾಡು ಅವಳು ಬಿಟ್ಟಿದ್ದಾಳೆ, ಒಂದಕ್ಕೆ ನಾನು ಸೋತಿದ್ದೇನೆ.

ಎಲ್ಲರೂ ಒಪ್ಪಿಲ್ಲ. 400ರ ಪಟ್ಟಿ 150ಕ್ಕೆ ಇಳಿಯುವಷ್ಟರಲ್ಲಿ ಸಾತಾರಾದಲ್ಲಿ ಇಬ್ಬರು ಮಾತು ಬಿಟ್ಟಿದ್ದಾರೆ. ಮಂಟಪವಿಲ್ಲದ ಮದುವೆಗೆ ಬರುವುದಿಲ್ಲ ಎಂದು ನನ್ನ ಸೋದರಮಾವ ಹೇಳಿಕಳಿಸಿದ್ದಾರೆ. ಅವರಿಗೂ ಈ ಮದುವೆಯಲ್ಲಿ ಒಂದು ಕೆಲಸವಿದೆ ಎಂದು ಹೇಳಲು ಮುಂದಿನ ವಾರ ಊರಿಗೆ ಹೋಗುತ್ತಿದ್ದೇನೆ. ಏನು ಕೆಲಸ ಎಂಬುದು ನಾನು ಓದಿದ ಯಾವ ಪುಸ್ತಕದಲ್ಲೂ ಇಲ್ಲ. ಅಮ್ಮನನ್ನೇ ಕೇಳಬೇಕು.