ಪಕ್ಕದಲ್ಲಿ ನಿಂತವಳು

ಮಂಗಳೂರಿನಲ್ಲಿ ಕೆಲಸ ಮಾಡುವವರಿಗೆಲ್ಲ ಕಾಸರಗೋಡಿನ ಸಹೋದ್ಯೋಗಿ ಒಬ್ಬರಾದರೂ ಇರುತ್ತಾರೆ. ಅವರ ಜೊತೆ 'ಆಪ್ತಮಿತ್ರ' ಚೆಂದವೋ 'ಮಣಿಚಿತ್ರತ್ತಾಳ್' ಚೆಂದವೋ ಅನ್ನುವ ಜಗಳ ಒಮ್ಮೆಯಾದರೂ ಆಗಿರುತ್ತದೆ. ಕಳೆದ ವಾರ ನಮ್ಮ ಕ್ಯಾಂಟೀನಿನಲ್ಲೂ ಆಯ್ತು. ಸೌಂದರ್ಯಾನೋ, ಶೋಭನಾನೋ? ನಾನು ನಡುವೆ ಬಾಯಿ ಹಾಕಿ, "ವಿನಯಾ ಪ್ರಸಾದ್ ಬಗ್ಗೆ ಯಾಕೆ ಯಾರೂ ಮಾತಾಡುದಿಲ್ಲ?" ಅಂದೆ. "ಯಾರು, 'ಪಾರು' ಸೀರಿಯಲ್ಲಿನ ಅಖಿಲಾಂಡೇಶ್ವರಿಯಾ? ಅವರು ಅದ್ರಲ್ಲಿ ಇದ್ದಾರಾ ಮಾರಾಯ?" ಅಂತ ಕೇಳಿದವನು ಉಡುಪಿಯ ಹುಡುಗ. ಅವರೂ ಉಡುಪಿಯವರೇ!

ಇದ್ದಾರೆ. 1993ರ ಆ ಫಾಸಿಲ್ ಚಿತ್ರದಲ್ಲಿ ಅವರು ಶ್ರೀದೇವಿ. 'ಆಪ್ತಮಿತ್ರ'ದಲ್ಲಿ ಪ್ರೇಮಾ ಮಾಡಿದ ಪಾತ್ರ. ಮನೆಯಲ್ಲಿ ಏನು ಕೆಟ್ಟದಾದರೂ ಎಲ್ಲರ ಕಣ್ಣು ಶ್ರೀದೇವಿಯ ಮೇಲೆ. ಮೊದಲ ಸಲ ನೋಡುವಾಗ ನಾವೂ ಅವಳನ್ನೇ ಅನುಮಾನಿಸುತ್ತೇವೆ. ಎರಡನೇ ಸಲ ನೋಡಿ, ವಿನಯಾ ನಮಗೆ ಮೋಸವನ್ನೇ ಮಾಡಿಲ್ಲ. ಕಳ್ಳನೋಟವಿಲ್ಲ, ಬೇಕೆಂದೇ ಹುಬ್ಬು ಏರಿಸುವುದಿಲ್ಲ. ನೋವನ್ನು ಒಳಗೆ ಇಟ್ಟುಕೊಂಡ ಹೆಂಗಸು, ಅಷ್ಟೇ. ಆ ಮೌನವನ್ನು ಅಪರಾಧ ಅಂದುಕೊಂಡವರು ನಾವು. ಅವರು ಒಂದು ಚೂರು ಹೆಚ್ಚು ನಟಿಸಿದ್ದರೂ ಗುಟ್ಟು ಬಯಲಾಗುತ್ತಿತ್ತು. ಶೋಭನಾಗೆ ರಾಷ್ಟ್ರಪ್ರಶಸ್ತಿ ಬಂತು, ಬರಲೇಬೇಕಿತ್ತು. ಆದರೆ ಆ ಕುಣಿತ ನಮ್ಮನ್ನು ಬೆಚ್ಚಿಬೀಳಿಸುವುದು ಅಲ್ಲಿಯವರೆಗೆ ನಾವು ಇನ್ನೊಬ್ಬಳನ್ನು ನೋಡುತ್ತಿದ್ದೆವು ಅನ್ನುವ ಕಾರಣಕ್ಕೂ ಹೌದಲ್ವಾ?

ಜಿ.ವಿ. ಅಯ್ಯರ್ ಅವರ 'ಮಧ್ವಾಚಾರ್ಯ'ದಿಂದ ಶುರುವಾದ ಈ ಪಯಣಕ್ಕೆ ಮೂರು ದಶಕ ದಾಟಿದೆ. 'ಗಣೇಶನ ಮದುವೆ'ಯಲ್ಲಿ (1990) ವಠಾರದ ಓನರ್ ಮಗಳಾಗಿ ಅನಂತನಾಗ್ ಜೊತೆ ಹಗಲಿಡೀ ಜಗಳ, ಕಾಗದದಲ್ಲಿ ಮಾತ್ರ ಅವನದೇ ಪ್ರೇಮ. ಇಬ್ಬರಿಗೂ ಗೊತ್ತಿಲ್ಲ. ಅನಂತನಾಗ್ ಟೈಮಿಂಗಿಗೆ ಸಮಕ್ಕೆ ನಿಲ್ಲುವುದು ಸುಲಭವಲ್ಲ. ವಿನಯಾ ನಗಿಸಲು ಹೋಗದೆ ನಿಜವಾಗಿ ಸಿಟ್ಟಾಗುತ್ತಾರೆ, ಅದಕ್ಕೇ ನಗು ಬರುತ್ತದೆ.

ಆಮೇಲೆ ನಮ್ಮವರು ಅವರಿಗೆ ಕೊಟ್ಟದ್ದೇನು? 'ಕರುಳಿನ ಕೂಗು' ಥರದ ಕಣ್ಣೀರು. ಆ ಚಿತ್ರಕ್ಕೆ ಅತ್ತವರನ್ನು ನಾನು ಗೇಲಿ ಮಾಡಲ್ಲ, ನಮ್ಮಮ್ಮನೂ ಅತ್ತಿದ್ದಾರೆ. ಆದರೆ ಅಲ್ಲಿ ಅಳಲು ನಟಿಯೇ ಬೇಕಿಲ್ಲ, ಕಥೆಯೇ ಅಳಿಸುತ್ತದೆ. ಅತ್ತ ಕೇರಳದಲ್ಲಿ 90ರ ದಶಕದ ಕೊನೆಗೆ ಏಷ್ಯಾನೆಟ್‌ನ 'ಸ್ತ್ರೀ' ಧಾರಾವಾಹಿ ಅವರನ್ನು ಮನೆಮಗಳು ಮಾಡಿತು. ನಮ್ಮಲ್ಲಿ 2018ರಲ್ಲಿ ಶುರುವಾದ 'ಪಾರು' ಅವರನ್ನು ಮನೆಯೊಡತಿ ಮಾಡಿತು. ಅಖಿಲಾಂಡೇಶ್ವರಿಯ ಗತ್ತು ನನಗೂ ಇಷ್ಟ. ಆದರೆ ಅವರು ಒಂದು ಮಾತಾಡಿದರೆ ಕ್ಯಾಮೆರಾ ಮೂರು ಸಲ ಜೂಮ್ ಆಗಿ, ಹಿಂದಿನಿಂದ ಢಂ ಅನ್ನುತ್ತದೆ. ಏನೂ ಮಾಡದೆ ಎಲ್ಲವನ್ನೂ ಹೇಳಬಲ್ಲ ಮುಖಕ್ಕೆ ಈ ಗದ್ದಲ ಯಾಕೆ?

ಇದು ಅವರೊಬ್ಬರ ಕಥೆಯಲ್ಲ. ನಾವು ನಟನೆ ಅನ್ನುವುದು ಎದ್ದು ಕಾಣುವುದನ್ನು, ಕುಣಿದದ್ದನ್ನು, ಕಿರುಚಿದ್ದನ್ನು, ಅತ್ತದ್ದನ್ನು. ಆಫೀಸಲ್ಲೂ ಹಾಗೇ ಬಿಡಿ, ಪ್ರೆಸೆಂಟೇಶನ್ ಕೊಟ್ಟವರ ಹೆಸರೇ ನೆನಪು. ಅವರ ಪಕ್ಕದಲ್ಲಿ ನಿಂತು ಕೆಲಸ ನಡೆಸಿದವರು ಗ್ರೂಪ್ ಫೋಟೋದಲ್ಲಷ್ಟೇ ಇರುತ್ತಾರೆ.

ಈ ವಾರಾಂತ್ಯ 'ಮಣಿಚಿತ್ರತ್ತಾಳ್' ಮತ್ತೆ ಹಾಕಿ. ಈ ಸಲ ಶ್ರೀದೇವಿಯನ್ನು ಮಾತ್ರ ನೋಡಿ. ಸಂಶಯದಿಂದ ಅಲ್ಲ.