ಕಾಸರಗೋಡಿನ ಶಾಲೆ, ಮೈಸೂರಿನ ವಾದ

ರಿಷಬ್ ಶೆಟ್ಟಿಯವರ ‘ಸರ್ಕಾರಿ ಹಿ. ಪ್ರಾ. ಶಾಲೆ, ಕಾಸರಗೋಡು’ (2018) ಸಾಕ್ಷ್ಯಚಿತ್ರವಲ್ಲ, ಕಥಾಚಿತ್ರ. ಆದರೂ ಅದು ಹೊತ್ತುದು ಸಾಕ್ಷ್ಯ ನುಡಿಯುವ ಹೊಣೆಯನ್ನೇ. 1956ರಲ್ಲಿ ಕೇರಳಕ್ಕೆ ಸೇರಿಹೋದ ಗಡಿನಾಡಿನ ಅಳಲನ್ನು ಸುರತ್ಕಲ್ಲಿನ ನಮಗೆ ಯಾರೂ ವಿವರಿಸಬೇಕಾಗಿಲ್ಲ, ಬೆಂಗಳೂರಿಗೆ ವಿವರಿಸಬೇಕಿತ್ತು. ಅಲ್ಪಸಂಖ್ಯಾತ ಭಾಷೆಯ ಮಕ್ಕಳಿಗೆ ತಾಯ್ನುಡಿಯಲ್ಲಿ ಪ್ರಾಥಮಿಕ ಶಿಕ್ಷಣದ ಸೌಕರ್ಯವಿರಬೇಕೆಂಬ 350-ಎ ವಿಧಿ ಸಂವಿಧಾನಕ್ಕೆ ಸೇರಿದುದೂ ಅದೇ ವರ್ಷ. ಚಿತ್ರದಲ್ಲಿ ಕನ್ನಡ ಮಾಧ್ಯಮದ ತರಗತಿಗೆ ಮಲಯಾಳಿ ಲೆಕ್ಕದ ಮಾಸ್ತರು ಬಂದು ನಿಂತಾಗ ಆ ವಿಧಿಯ ಗತಿಯೇನಾಯಿತೆಂದು ಮಕ್ಕಳ ಪೆಚ್ಚುಮೋರೆಗಳೇ ಹೇಳಿಬಿಡುತ್ತವೆ. ಚಿತ್ರದ ಜೀವ ಅಲ್ಲಿದೆ.

ಆಮೇಲೆ ಮೈಸೂರಿನಿಂದ ಅನಂತಪದ್ಮನಾಭ (ಅನಂತನಾಗ್) ಬಂದು ನ್ಯಾಯಾಲಯದಲ್ಲಿ ವಾದಿಸುತ್ತಾರೆ. ಅಭಿನಯ ಸೊಗಸು, ಏರ್ಪಾಡು ನನಗೊಪ್ಪಿಗೆಯಿಲ್ಲ. ಕಯ್ಯಾರ ಕಿಞ್ಞಣ್ಣ ರೈಗಳು ಹೋರಾಡಿದ ನೆಲದಲ್ಲಿ ಶಾಲೆಯ ಪರವಾಗಿ ಮಾತನಾಡಲು ಊರಿನವರೊಬ್ಬರು ಸಿಗಲಿಲ್ಲವೆ?