ಗುಲಾಬಿಯಿಂದ ಪುಟ್ಟಕ್ಕನವರೆಗೆ: ಉಮಾಶ್ರೀ ನಟನೆಯ ಹಾದಿ

ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಕಡೆಯ ಮನೆಗಳಲ್ಲಿ ಬೀಡಿ ಕಟ್ಟುವ ಹೆಂಗಸರು ತಡ್ಪೆಯನ್ನು ಮಡಿಲಲ್ಲಿಟ್ಟುಕೊಂಡು ಸಂಜೆ ಟಿ.ವಿ. ಮುಂದೆ ಕೂರುವುದು ನಮಗೆ ಪರಿಚಿತ ದೃಶ್ಯ. ಕೈ ಎಲೆಯ ಮೇಲೆ, ಕಣ್ಣು ಧಾರಾವಾಹಿಯ ಮೇಲೆ. ಈ ಮನೆಗಳಿಗೆ ಉಮಾಶ್ರೀ ಎಂದರೆ ಪುಟ್ಟಕ್ಕ. ವಿಮರ್ಶಕರಿಗೆ ಅವರು 'ಗುಲಾಬಿ ಟಾಕೀಸ್'ನ ಗುಲಾಬಿ. ಇವೆರಡರ ಹಿಂದಿರುವ ಅಸಂಖ್ಯ ಹಾಸ್ಯಪಾತ್ರಗಳನ್ನು ಮಾತ್ರ ಮರೆಯಬೇಕಾದ ತಪ್ಪಿನಂತೆ ನೋಡಲಾಗುತ್ತದೆ. ಇದು ಸರಿಯೇ?

ತುಮಕೂರು ಜಿಲ್ಲೆಯ ನೊಣವಿನಕೆರೆಯ ಉಮಾಶ್ರೀ ರಂಗಭೂಮಿಯಿಂದ ಬಂದವರು. ದೇವನೂರ ಮಹಾದೇವ ಅವರ 'ಒಡಲಾಳ'ವನ್ನು ಸಿ.ಜಿ. ಕೃಷ್ಣಸ್ವಾಮಿ ರಂಗಕ್ಕೆ ತಂದಾಗ, ಕಳೆದುಹೋದ ಹುಂಜವನ್ನು ಹುಡುಕುವ ಮುದುಕಿ ಸಾಕವ್ವನಾದದ್ದು ಇವರೇ. ಆಗ ಇವರಿಗೆ ಚಿಕ್ಕ ವಯಸ್ಸು. 1984ರಲ್ಲಿ ಕಾಶೀನಾಥರ 'ಅನುಭವ' ಬಂತು. ಆಮೇಲೆ ಚಿತ್ರರಂಗ ಇವರಿಗೆ ಹೆಚ್ಚಾಗಿ ಕೊಟ್ಟದ್ದು ಜಗಳಗಂಟಿಯ, ದ್ವಂದ್ವಾರ್ಥದ ಮಾತಿನ ಪಾತ್ರಗಳನ್ನು. ನಾಯಕಿಯ ರೂಪಕ್ಕೆ ಒಗ್ಗದ ಹೆಣ್ಣೆಂದರೆ ನಗುವುದಕ್ಕೆ ಮಾತ್ರ ಎಂಬ ಅಳತೆ ಅದು. ತಪ್ಪು ಆ ಅಳತೆಯದು, ನಟಿಯದಲ್ಲ.

ನಮ್ಮ ಯಕ್ಷಗಾನದಲ್ಲಿ ಹಾಸ್ಯಗಾರನನ್ನು ಯಾರೂ ಹಗುರವಾಗಿ ಕಾಣುವುದಿಲ್ಲ. ಪ್ರಸಂಗದ ನಡೆ ಗೊತ್ತಿಲ್ಲದವನು, ಎದುರಿನ ವೇಷಧಾರಿಯ ಮಾತನ್ನು ಹಿಡಿಯಲಾಗದವನು ಹಾಸ್ಯ ಮಾಡಲಾರ. ಅದೇ ಗೌರವವನ್ನು ಸಿನಿಮಾದ ಹಾಸ್ಯನಟಿಗೆ ನಾವೇಕೆ ಕೊಡುವುದಿಲ್ಲ?

ವೈದೇಹಿಯವರ ಕತೆಯನ್ನು ಆಧರಿಸಿ ಗಿರೀಶ ಕಾಸರವಳ್ಳಿ ಮಾಡಿದ 'ಗುಲಾಬಿ ಟಾಕೀಸ್' (2008) ಇದಕ್ಕೆ ಸಾಕ್ಷಿ. ಗುಲಾಬಿ ಕರಾವಳಿಯ ಸೂಲಗಿತ್ತಿ, ಮುಸ್ಲಿಂ ಹೆಂಗಸು, ಗಂಡ ದೂರಮಾಡಿದವಳು; ಸಿನಿಮಾ ಎಂದರೆ ಪ್ರಾಣ. ಹೆರಿಗೆ ಮಾಡಿಸಿದ್ದಕ್ಕೆ ಅವಳಿಗೆ ಟಿ.ವಿ. ಸಿಗುತ್ತದೆ, ಊರಿನ ಹೆಂಗಸರು ಅವಳ ಮನೆಗೆ ಬರುತ್ತಾರೆ. ಕೊನೆಗೆ ಊರೇ ಅವಳನ್ನು ಹೊರಗೆ ಹಾಕುತ್ತದೆ. ಉಮಾಶ್ರೀ ಇಲ್ಲಿ ಕರುಣೆ ಬೇಡುವುದಿಲ್ಲ. ಮೊದಲು ಗುಲಾಬಿಯ ಸಿನಿಮಾ ಹುಚ್ಚನ್ನು, ಹುಡುಗಾಟವನ್ನು ನಾವು ನಂಬುವಂತೆ ಮಾಡುತ್ತಾರೆ. ಆ ನಗು ನಮಗೆ ಹತ್ತಿರವಾದ್ದರಿಂದಲೇ ಅದು ಆರಿದಾಗ ನೋವಾಗುತ್ತದೆ. ರಾಷ್ಟ್ರಪ್ರಶಸ್ತಿ ಬಂದದ್ದು ಹಾಸ್ಯವನ್ನು ಬಿಟ್ಟದ್ದಕ್ಕಲ್ಲ. ಅಲ್ಲಿ ಕಲಿತದ್ದನ್ನು ಇಲ್ಲಿಗೆ ತಂದದ್ದಕ್ಕೆ.

2021ರ ಡಿಸೆಂಬರಿನಲ್ಲಿ ಜೀ ಕನ್ನಡದಲ್ಲಿ 'ಪುಟ್ಟಕ್ಕನ ಮಕ್ಕಳು' ಶುರುವಾಯಿತು. ಪುಟ್ಟಕ್ಕನನ್ನೂ ಗಂಡ ಬಿಟ್ಟಿದ್ದಾನೆ; ಅವಳು ಮೆಸ್ ನಡೆಸಿ ಮೂವರು ಹೆಣ್ಣುಮಕ್ಕಳನ್ನು ಸಾಕುತ್ತಾಳೆ. ಕಷ್ಟ ಅದೇ, ಆದರೆ ಧಾರಾವಾಹಿಗೆ ಸಹನೆ ಕಡಿಮೆ. ನಟಿ ಒಂದು ನೋಟದಲ್ಲಿ ಹೇಳಿ ಮುಗಿಸಿದ್ದನ್ನು ಹಿನ್ನೆಲೆ ಸಂಗೀತ ಮತ್ತೆ ಮತ್ತೆ ಹೇಳುತ್ತದೆ. ಪುಟ್ಟಕ್ಕನ ಒಳ್ಳೆಯತನವೂ ಕೆಲವೊಮ್ಮೆ ಅತಿಯಾಗುತ್ತದೆ. ಗುಲಾಬಿಗಿದ್ದ ಆಸೆ, ಹಟ, ಸ್ವಾರ್ಥ ಇವಳಿಗೆ ಸಿಕ್ಕಿಲ್ಲ.

ಆದರೂ ಬೀಡಿ ಕಟ್ಟುವ ಕೈಗಳು ಒಂದು ಕ್ಷಣ ನಿಲ್ಲುವುದು ಅವಳು ಸುಮ್ಮನೆ ನಿಂತಾಗಲೇ. ಗುಲಾಬಿ ತನ್ನ ಮನೆಯ ಟಿ.ವಿ. ಮುಂದೆ ಊರಿನ ಹೆಂಗಸರನ್ನು ಕೂರಿಸಿದ್ದಳು. ಪುಟ್ಟಕ್ಕನಾಗಿ ಉಮಾಶ್ರೀ ಆ ಟಿ.ವಿ.ಯ ಒಳಗೇ ಬಂದರು. ಅವರನ್ನು ನೋಡುವಾಗ ನಗಿಸಿದ ದಿನಗಳನ್ನೂ ಲೆಕ್ಕಕ್ಕೆ ಹಿಡಿಯೋಣ.